ಕೋಟೆ, ಕದನಭೂಮಿ, ವಿಸ್ಕಿ: ಸ್ಕಾಟ್ಲೆಂಡಿನ ಒಂದು ದಿನದ ಗೈಡ್ ಪ್ರವಾಸದ ಬಗ್ಗೆ ಪದೇ ಪದೇ ಕೇಳುವ ಪ್ರಶ್ನೆಗಳು

ಎಡಿನ್‌ಬರೋ, ಗ್ಲಾಸ್ಗೋ ಅಥವಾ ಇನ್ವರ್ನೆಸ್‌ನಿಂದ ಬೆಳಿಗ್ಗೆ ಹೊರಟು, ಹಳೆಯ ಕೋಟೆಯನ್ನೋ ಕದನಭೂಮಿಯನ್ನೋ ನೋಡಿ, ಡಿಸ್ಟಿಲರಿಯಲ್ಲಿ ವಿಸ್ಕಿ ಸವಿದು ಸಂಜೆಗೆ ಮರಳುವ ಪ್ರವಾಸಗಳ ಬಗ್ಗೆ ಮಾತುಕತೆಯಲ್ಲಿ, ಪತ್ರಗಳಲ್ಲಿ ಮತ್ತೆ ಮತ್ತೆ ಬರುವ ಪ್ರಶ್ನೆಗಳಿವು. ಮೊದಲ ಸಲ ಹೊರಟವರಿಗೆ ಬೇಕಾದವು ಮೇಲಿವೆ, ಆಳಕ್ಕೆ ಹೋಗುವವರಿಗೆ ಬೇಕಾದವು ಕೆಳಗಿವೆ. ದರ ಮತ್ತು ವೇಳೆ ಬದಲಾಗುತ್ತಲೇ ಇರುತ್ತವೆ. ಟಿಕೆಟ್ ಕಾಯ್ದಿರಿಸುವ ದಿನ ಒಮ್ಮೆ ನೋಡಿಕೊಳ್ಳಿ.

## ಹೊರಡುವ ಮುನ್ನ

ಒಂದೇ ದಿನದಲ್ಲಿ ಕೋಟೆನೂ ಡಿಸ್ಟಿಲರಿನೂ ನೋಡೋಕಾಗುತ್ತಾ? ಓಡೋಡಿ ನೋಡಿದ ಹಾಗಾಗಲ್ವಾ?

ಜಾಗಗಳು ಕಡಿಮೆ ಇದ್ದರೆ ಆರಾಮಾಗಿ ಆಗುತ್ತದೆ. ಸಾಮಾನ್ಯವಾಗಿ ಬೆಳಿಗ್ಗೆ 8.30ರಿಂದ 9ರೊಳಗೆ ಬಸ್ ಹೊರಡುತ್ತದೆ. ಹತ್ತರ ಸುಮಾರಿಗೆ ಮೊದಲ ಜಾಗ, ಒಂದು ಗಂಟೆಗೆ ಊಟ, ಎರಡಕ್ಕೆ ಡಿಸ್ಟಿಲರಿ, ಸಂಜೆ ಆರರ ಆಸುಪಾಸಿನಲ್ಲಿ ವಾಪಸ್. ಈ ಒಂಬತ್ತು ಗಂಟೆಯಲ್ಲಿ ಮೂರೂವರೆ ಗಂಟೆ ಬಸ್ಸಿನಲ್ಲೇ ಹೋಗುತ್ತದೆ. ಊಟಕ್ಕೆ ಒಂದು ಗಂಟೆ, ಡಿಸ್ಟಿಲರಿಗೆ ಒಂದೂವರೆ ಗಂಟೆ ತೆಗೆದಿಟ್ಟರೆ ಇತಿಹಾಸಕ್ಕೆ ಉಳಿಯುವುದು ಮೂರೇ ಗಂಟೆ. ಸ್ಟರ್ಲಿಂಗ್ ಕೋಟೆಯೊಂದೇ ಅದರಲ್ಲಿ ಎರಡು ಗಂಟೆ ಕೇಳುತ್ತದೆ.

ಹಾಗಾಗಿ ಜಾಹೀರಾತಿನಲ್ಲಿ ಆರು ತಾಣ, ಎರಡು ಡಿಸ್ಟಿಲರಿ ಎಂದಿದ್ದರೆ ಅನುಮಾನಪಡಿ. ಅವುಗಳಲ್ಲಿ ಅರ್ಧಕ್ಕರ್ಧ ಬಸ್ ನಿಲ್ಲಿಸಿ ಫೋಟೋ ತೆಗೆಸುವ ಜಾಗಗಳು. ಪ್ರತಿ ತಾಣದಲ್ಲಿ ಎಷ್ಟು ನಿಮಿಷ, ಒಳಗೆ ಪ್ರವೇಶ ಉಂಟೋ ಇಲ್ಲವೋ, ಇವೆರಡನ್ನು ಕೇಳಿ. ಒಂದು ದೊಡ್ಡ ಕೋಟೆ, ಒಂದು ಡಿಸ್ಟಿಲರಿ, ದಾರಿಯಲ್ಲೊಂದು ಸಣ್ಣ ನಿಲುಗಡೆ ಇದ್ದರೆ ದಿನ ತುಂಬುತ್ತದೆ. ಕೋಟೆ ಮೊದಲು, ವಿಸ್ಕಿ ಆಮೇಲೆ ಇರುವ ಪ್ರವಾಸವನ್ನೇ ಆರಿಸಿ. ಹೆಚ್ಚಿನ ಕೋಟೆಗಳಲ್ಲಿ ಮುಚ್ಚುವ ವೇಳೆಗೆ ಸಾಕಷ್ಟು ಮೊದಲೇ ಟಿಕೆಟ್ ನಿಲ್ಲಿಸುತ್ತಾರೆ. ಮೇಲಾಗಿ, ಮೂರು ಗುಟುಕು ವಿಸ್ಕಿ ಒಳಗಿಟ್ಟುಕೊಂಡು ಹಗ್ಗ ಹಿಡಿದು ಹತ್ತುವ ಸುರುಳಿ ಮೆಟ್ಟಿಲು ಏರುವುದು ಕ್ಷೇಮವಲ್ಲ.

ಎಡಿನ್‌ಬರೋ, ಗ್ಲಾಸ್ಗೋ, ಇನ್ವರ್ನೆಸ್: ಎಲ್ಲಿಂದ ಹೊರಟರೆ ಒಳ್ಳೇದು?

ನೀವು ಉಳಿದುಕೊಂಡಿರುವ ಊರಿನಿಂದಲೇ. ಗೈಡ್ ಬಸ್ಸಿಗಾಗಿ ಬೆಳಿಗ್ಗೆ ರೈಲು ಹಿಡಿದು ಇನ್ನೊಂದು ಊರಿಗೆ ಹೋದರೆ ದಿನ ಎರಡು ಗಂಟೆ ಉದ್ದವಾಗುತ್ತದೆ. ಎಡಿನ್‌ಬರೋದಿಂದ ಸ್ಟರ್ಲಿಂಗ್ ಸುಮಾರು ಒಂದು ಗಂಟೆ, ಪಿಟ್ಲಾಕ್ರಿ ಒಂದೂಮುಕ್ಕಾಲು ಗಂಟೆ. ಗ್ಲಾಸ್ಗೋದಿಂದ ಗ್ಲೆನ್‌ಗಾಯ್ನ್ ಡಿಸ್ಟಿಲರಿಗೆ ಮುಕ್ಕಾಲು ಗಂಟೆಯೊಳಗೆ ಹೋಗಬಹುದು. ಲಾಖ್ ಲೋಮಂಡ್ ಸರೋವರವೂ ಹತ್ತಿರ. ಡಿಸ್ಟಿಲರಿಗಳು ತುಂಬಿದ ಸ್ಪೇ ನದಿಯ ಕಣಿವೆ ಸ್ಪೇಸೈಡ್ ನೋಡಬೇಕೆಂದರೆ ಇನ್ವರ್ನೆಸ್‌ನಲ್ಲೇ ಎರಡು ರಾತ್ರಿ ಉಳಿಯುವುದು ಲೇಸು. ಎಡಿನ್‌ಬರೋದಿಂದ ಅಲ್ಲಿಗೆ ಹೋಗಿ ಬರುವುದಕ್ಕೇ ಆರು ಗಂಟೆ ಬೇಕು.

ನಾನು ಕುಡಿಯಲ್ಲ, ಮನೆಯವರಿಗೆ ಆಸಕ್ತಿ. ನನಗೆ ದಿನ ದಂಡ ಆಗುತ್ತಾ?

ಆಗುವುದಿಲ್ಲ. ಮೊಳಕೆ ಕಟ್ಟಿದ ಬಾರ್ಲಿಯ ಘಮ, ಮನೆಯೆತ್ತರದ ತಾಮ್ರದ ಭಟ್ಟಿ, ಕತ್ತಲ ಗೋದಾಮಿನಲ್ಲಿ ಸಾಲುಹಿಡಿದ ಪೀಪಾಯಿಗಳು ಕುಡಿಯದವರಿಗೂ ನೋಡತಕ್ಕವೇ. ಕಾಯ್ದಿರಿಸುವಾಗಲೇ ‘ರುಚಿ ನೋಡುವುದಿಲ್ಲ’ ಎಂದು ಬರೆಯಿರಿ. ಕೆಲವೆಡೆ ಟಿಕೆಟ್ ಅಗ್ಗವಾಗುತ್ತದೆ. ನಿಮ್ಮ ಪಾಲನ್ನು ಸಣ್ಣ ಬಾಟಲಿಗೆ ಹಾಕಿಕೊಡುವ ಪದ್ಧತಿಯೂ ಇದೆ. ಘಮ ಮಾತ್ರ ನೋಡಿ ಲೋಟ ಪಕ್ಕಕ್ಕಿಟ್ಟರೂ ಯಾರೂ ತಪ್ಪು ತಿಳಿಯುವುದಿಲ್ಲ.

ಮಕ್ಕಳನ್ನ ಕರ್ಕೊಂಡು ಹೋಗಬಹುದಾ?

ಎರಡು ಕಡೆ ಕೇಳಬೇಕು. ಸಣ್ಣ ಬಸ್ಸಿನ ಹಲವು ಸಂಸ್ಥೆಗಳು ಐದು ವರ್ಷದೊಳಗಿನವರನ್ನು ಹತ್ತಿಸಿಕೊಳ್ಳುವುದಿಲ್ಲ. ಡಿಸ್ಟಿಲರಿಗಳಲ್ಲಿ ಕೆಲಸ ನಡೆಯುವ ಜಾಗಕ್ಕೆ ಇಂತಿಷ್ಟು ವಯಸ್ಸಾಗಿರಬೇಕೆಂಬ ನಿಯಮ ಇರುತ್ತದೆ. ಎಂಟು ಅಥವಾ ಹತ್ತು ವರ್ಷ ಎನ್ನುವಲ್ಲಿ ಬೇಕಾದಷ್ಟಿವೆ. ರುಚಿ ನೋಡಲು 18 ಆಗಿರಲೇಬೇಕು. ಸ್ಕಾಟ್ಲೆಂಡಿನಲ್ಲಿ ನೋಡಲು 25ಕ್ಕಿಂತ ಚಿಕ್ಕವರಂತಿದ್ದರೆ ಗುರುತಿನ ಚೀಟಿ ಕೇಳಲೇಬೇಕೆಂಬ ಕಾನೂನಿದೆ. ಇಪ್ಪತ್ತೆರಡರ ಮಗನ ಪಾಸ್‌ಪೋರ್ಟ್ ಹೋಟೆಲಿನಲ್ಲೇ ಉಳಿದರೆ ಅವನಿಗೆ ಸಿಗುವುದು ಹಣ್ಣಿನ ರಸವೇ.

ಅಪ್ಪ ಅಮ್ಮನಿಗೆ ಮಂಡಿನೋವು. ಎಷ್ಟು ನಡೀಬೇಕಾಗುತ್ತೆ?

ದೂರಕ್ಕಿಂತ ಮೆಟ್ಟಿಲಿನದ್ದೇ ತೊಂದರೆ. ಸ್ಟರ್ಲಿಂಗ್ ಬಳಿಯ ವಾಲೇಸ್ ಸ್ಮಾರಕದಲ್ಲಿ 246 ಮೆಟ್ಟಿಲು, ಅದೂ ಇಕ್ಕಟ್ಟಾದ ಸುರುಳಿ. ಡೂನ್ ಕೋಟೆಯಲ್ಲಿ ಮೇಲಂತಸ್ತಿಗೆ ಸುರುಳಿ ಮೆಟ್ಟಿಲೇ ದಾರಿ. ಸ್ಟರ್ಲಿಂಗ್ ಕೋಟೆಯ ಅಂಗಳಗಳು ಮಾತ್ರ ನಿಧಾನಕ್ಕೆ ನಡೆದರೆ ಸಲೀಸು. ಆದರೆ ಗುಂಡುಕಲ್ಲಿನ ನೆಲ ಮಳೆ ಬಂದರೆ ಜಾರುತ್ತದೆ. ಡಿಸ್ಟಿಲರಿಯೊಳಗೆ ಕಬ್ಬಿಣದ ಜಾಲರಿ ಮೆಟ್ಟಿಲುಗಳಿರುತ್ತವೆ. ಎತ್ತರದ ಹಿಮ್ಮಡಿ ಅದರ ಕಿಂಡಿಗೆ ಸಿಕ್ಕಿಕೊಳ್ಳುತ್ತದೆ, ಚಪ್ಪಲಿ ಜಾರುತ್ತದೆ. ಚಪ್ಪಟೆ ಅಟ್ಟೆಯ, ಬೆರಳು ಮುಚ್ಚುವ ಶೂ ಹಾಕಿಸಿ. ಹದಿನಾರು ಸೀಟಿನ ಬಸ್ಸಿನಲ್ಲಿ ಶೌಚಾಲಯ ಇರುವುದಿಲ್ಲ; ಎರಡು ಗಂಟೆಗೊಮ್ಮೆ ನಿಲ್ಲಿಸುತ್ತಾರೋ ಎಂದು ಕೇಳಿಡಿ.

ಟಿಕೆಟ್ ದುಡ್ಡಲ್ಲಿ ಏನೇನು ಸೇರಿರುತ್ತೆ?

ಹೆಚ್ಚಿನ ಬಾರಿ ಬಸ್ ಮತ್ತು ಗೈಡ್, ಅಷ್ಟೇ. ಕೋಟೆಯ ಪ್ರವೇಶ, ಡಿಸ್ಟಿಲರಿ ಶುಲ್ಕ, ಊಟ ಬೇರೆ. ಡಿಸ್ಟಿಲರಿಯ ಸಾದಾ ಪ್ರವಾಸಕ್ಕೆ ಸಾಮಾನ್ಯವಾಗಿ 15ರಿಂದ 25 ಪೌಂಡ್. ಗೋದಾಮಿನಲ್ಲಿ ಪೀಪಾಯಿಯಿಂದಲೇ ಬಗ್ಗಿಸಿ ಕೊಡುವ ವಿಶೇಷ ಪ್ರವಾಸ ಇದರ ಎರಡು–ಮೂರು ಪಟ್ಟು. ಎಲ್ಲ ಒಳಗೊಂಡ ಪ್ರವಾಸ ಮೇಲ್ನೋಟಕ್ಕೆ ದುಬಾರಿ ಅನಿಸಿದರೂ ಬಿಡಿ ಲೆಕ್ಕ ಕೂಡಿ ನೋಡಿದ ಮೇಲೇ ತೀರ್ಮಾನಿಸಿ.

ನಾಲ್ಕೈದು ದಿನ ಕೋಟೆ ಸುತ್ತುವವರಿಗೆ ಹಿಸ್ಟಾರಿಕ್ ಎನ್ವಿರಾನ್‌ಮೆಂಟ್ ಸ್ಕಾಟ್ಲೆಂಡ್‌ನ ಎಕ್ಸ್‌ಪ್ಲೋರರ್ ಪಾಸ್ ಲಾಭ: ಎಡಿನ್‌ಬರೋ, ಸ್ಟರ್ಲಿಂಗ್, ಡೂನ್, ಲಿನ್‌ಲಿತ್‌ಗೋ, ಅರ್ಕರ್ಟ್ ಎಲ್ಲ ಅದರಲ್ಲಿ ಬರುತ್ತವೆ. ಕಲೋಡನ್ ಮತ್ತು ಬ್ಯಾನಕ್‌ಬರ್ನ್ ಕದನಭೂಮಿಗಳು ಬರುವುದಿಲ್ಲ. ಅವು ನ್ಯಾಷನಲ್ ಟ್ರಸ್ಟ್ ಫಾರ್ ಸ್ಕಾಟ್ಲೆಂಡ್‌ನವು, ಟಿಕೆಟ್ ಬೇರೆ. ಈ ಎರಡು ಸಂಸ್ಥೆಗಳನ್ನು ಒಂದೇ ಎಂದುಕೊಂಡು ಗೇಟಿನಲ್ಲಿ ಎರಡನೇ ಸಲ ದುಡ್ಡು ತೆರುವವರು ಬಹಳ.

ಯಾವ ತಿಂಗಳು ಹೋಗೋದು?

ಮೇ ಮತ್ತು ಸೆಪ್ಟೆಂಬರ್. ಡಿಸೆಂಬರಿನಲ್ಲಿ ಎಡಿನ್‌ಬರೋದಲ್ಲಿ ಮಧ್ಯಾಹ್ನ 3.40ಕ್ಕೆಲ್ಲ ಸೂರ್ಯ ಮುಳುಗುತ್ತಾನೆ. ಊಟ ಮುಗಿಸುವಷ್ಟರಲ್ಲಿ ಬೆಟ್ಟ ಕಾಣದಾಗುತ್ತದೆ. ಜೂನಿನಲ್ಲಿ ರಾತ್ರಿ ಹತ್ತರವರೆಗೆ ಬೆಳಕು, ಆದರೆ ಜುಲೈ–ಆಗಸ್ಟ್‌ಗೆ ಇನ್ನೊಂದು ತೊಡಕಿದೆ. ಹಲವು ಡಿಸ್ಟಿಲರಿಗಳು ಬೇಸಿಗೆಯಲ್ಲಿ ಕೆಲವು ವಾರ ಭಟ್ಟಿ ಆರಿಸಿ ದುರಸ್ತಿ ಮಾಡಿಕೊಳ್ಳುತ್ತವೆ. ಪ್ರವಾಸಿಗರನ್ನು ಒಳಗೆ ಬಿಡುತ್ತಾರೆ, ಆದರೆ ಭಟ್ಟಿ ತಣ್ಣಗಿರುತ್ತದೆ, ಹುಳಿಯುವ ತೊಟ್ಟಿ ಖಾಲಿ. ‘ನಾವು ಬರುವ ದಿನ ಉತ್ಪಾದನೆ ನಡೆಯುತ್ತದೆಯೇ?’ ಎಂಬ ಒಂದು ಸಾಲಿನ ಇಮೇಲ್ ಕಳಿಸಿ.

ಬಾಡಿಗೆ ಕಾರಲ್ಲಿ ನಾವೇ ಹೋದ್ರೆ ಅಗ್ಗ ಅಲ್ವಾ?

ನಾಲ್ವರಿದ್ದರೆ ಅಗ್ಗವೇ, ಆದರೆ ಕಾರು ಓಡಿಸುವವರು ಒಂದು ಹನಿಯೂ ಮುಟ್ಟಬಾರದು. 2014ರ ಡಿಸೆಂಬರ್ 5ರಿಂದ ಸ್ಕಾಟ್ಲೆಂಡಿನಲ್ಲಿ ಮಿತಿ 100 ಮಿ.ಲೀ. ರಕ್ತಕ್ಕೆ 50 ಮಿ.ಗ್ರಾಂ ಆಲ್ಕೋಹಾಲ್, ಇಂಗ್ಲೆಂಡಿನ 80ಕ್ಕಿಂತ ಬಿಗಿ. ‘ಒಂದೇ ಪೆಗ್ ತಾನೇ’ ಎಂಬ ಲೆಕ್ಕ ಇಲ್ಲಿ ಕೈಕೊಡುತ್ತದೆ. ಚಾಲಕರ ಪಾಲನ್ನು ಮುಚ್ಚಳ ಹಾಕಿದ ಪುಟ್ಟ ಬಾಟಲಿಗಳಲ್ಲಿ ಕಟ್ಟಿಕೊಡುವ ವ್ಯವಸ್ಥೆ ಬಹುತೇಕ ಡಿಸ್ಟಿಲರಿಗಳಲ್ಲಿದೆ. ರಾತ್ರಿ ಕೋಣೆಯಲ್ಲಿ ಕೂತು ಅದನ್ನು ಸವಿಯಬಹುದು.

## ಯಾವ ಜಾಗ, ಯಾಕೆ

ಮೊದಲ ಸಲ ಹೋಗ್ತಿದ್ದೀವಿ. ಒಂದೇ ಒಂದು ಪ್ರವಾಸ ಮಾಡೋದಾದ್ರೆ ಯಾವುದು?

ಸ್ಟರ್ಲಿಂಗ್ ಕೋಟೆ, ಡೂನ್ ಕೋಟೆ, ಡೀನ್‌ಸ್ಟನ್ ಡಿಸ್ಟಿಲರಿ. ಡೂನ್‌ಗೂ ಡೀನ್‌ಸ್ಟನ್‌ಗೂ ನಡುವೆ ಎರಡು ಕಿ.ಮೀ. ಕೂಡ ಇಲ್ಲ. ಮೂರೂ ಒಂದೇ ದಾರಿಯಲ್ಲಿರುವುದರಿಂದ ಬಸ್ಸಿನ ಸಮಯ ಉಳಿದು ನೋಡುವುದಕ್ಕೆ ಸಿಗುತ್ತದೆ.

ಸ್ಟರ್ಲಿಂಗ್ ಕೋಟೆ ಇರುವ ಬಂಡೆ ಫೋರ್ತ್ ನದಿ ದಾಟುವ ದಾರಿಯನ್ನು ಕಾಯುತ್ತದೆ. ಅದಕ್ಕೇ 1297ರ ಸ್ಟರ್ಲಿಂಗ್ ಸೇತುವೆ ಕಾಳಗವೂ 1314ರ ಬ್ಯಾನಕ್‌ಬರ್ನ್ ಕಾಳಗವೂ ಇದರ ಕಣ್ಣಳತೆಯಲ್ಲೇ ನಡೆದವು. ಒಳಗೆ ಹೋದೊಡನೆ ಮಹಾಸಭಾಂಗಣದ ಹಳದಿ ಗೋಡೆ ಕಣ್ಣು ಕುಕ್ಕುತ್ತದೆ. ‘ಇದೇನು ಹೊಸ ಕಟ್ಟಡ?’ ಎಂದು ಮುಖ ತಿರುಗಿಸಬೇಡಿ: ರಾಜ ನಾಲ್ಕನೇ ಜೇಮ್ಸ್ ಕಟ್ಟಿಸಿದ ಸಭಾಂಗಣಕ್ಕೆ ಹಿಂದೆ ಇದ್ದಂಥದೇ ಸುಣ್ಣದ ಬಣ್ಣವನ್ನು ಮತ್ತೆ ಬಳಿದದ್ದು ಅದು. ಆ ಕಾಲದ ಕೋಟೆಗಳು ಇಂದು ಕಾಣುವಂತೆ ಬೂದುಗಲ್ಲಿನವಾಗಿ ಇರಲಿಲ್ಲ ಎಂಬುದು ಆ ಗೋಡೆಯ ಎದುರು ನಿಂತಾಗ ತಿಳಿಯುತ್ತದೆ. ಸ್ಕಾಟ್ಲೆಂಡಿನ ಮೇರಿ ರಾಣಿ ಒಂಬತ್ತು ತಿಂಗಳ ಕೂಸಾಗಿದ್ದಾಗ 1543ರಲ್ಲಿ ಅವಳಿಗೆ ಕಿರೀಟ ಇಟ್ಟದ್ದೂ ಇದೇ ಕೋಟೆಯ ಪ್ರಾರ್ಥನಾಮಂದಿರದಲ್ಲಿ. ಈಗಿರುವ ಮಂದಿರ ಆಮೇಲಿನದು.

ಡೀನ್‌ಸ್ಟನ್ 1785ರಲ್ಲಿ ಕಟ್ಟಿದ ಹತ್ತಿಗಿರಣಿ. 1960ರ ದಶಕದಲ್ಲಿ ಗಿರಣಿ ಮುಚ್ಚಿದ ಮೇಲೆ ಡಿಸ್ಟಿಲರಿಯಾಯಿತು. ಟೀತ್ ನದಿಯ ನೀರು ಆಗ ಮಗ್ಗ ತಿರುಗಿಸುತ್ತಿತ್ತು, ಈಗ ವಿದ್ಯುತ್ ಕೊಡುತ್ತದೆ. ನೇಯ್ಗೆ ನಡೆಯುತ್ತಿದ್ದ ಕಮಾನು ಚಾವಣಿಯ ಕಟ್ಟಡದಲ್ಲಿ ಈಗ ಪೀಪಾಯಿಗಳು ಮಾಗುತ್ತಿವೆ. ಕಟ್ಟಡವೇ ಇತಿಹಾಸವಾಗಿರುವ ಇಂಥ ಡಿಸ್ಟಿಲರಿ ಸಿಕ್ಕರೆ ಮಧ್ಯಾಹ್ನದ ಹೊತ್ತೂ ಬೆಳಗಿನ ಕಥೆಯೇ ಮುಂದುವರಿಯುತ್ತದೆ.

ಅರ್ಧ ದಿನ ಮಾತ್ರ ಇದೆ. ಏನು ಮಾಡೋದು?

ಎಡಿನ್‌ಬರೋದಲ್ಲಿದ್ದರೆ 1446ರಲ್ಲಿ ಕಟ್ಟಲು ತೊಡಗಿದ ರಾಸ್ಲಿನ್ ಪ್ರಾರ್ಥನಾಮಂದಿರ ಮತ್ತು 1837ರ ಗ್ಲೆನ್‌ಕಿಂಚಿ ಡಿಸ್ಟಿಲರಿ. ರಾಸ್ಲಿನ್‌ನ ಕಲ್ಲಿನ ಕುಸುರಿ ನಿಧಾನಕ್ಕೆ ನೋಡತಕ್ಕದ್ದು. ಒಳಗೆ ಫೋಟೋ ತೆಗೆಯಲು ಬಿಡುವುದಿಲ್ಲ. ಗ್ಲಾಸ್ಗೋದಲ್ಲಿದ್ದರೆ ಗ್ಲೆನ್‌ಗಾಯ್ನ್, ಇಲ್ಲವೇ ಊರೊಳಗೇ ಹಳೆಯ ಹಡಗುಕಟ್ಟೆಯ ಪಂಪ್‌ಹೌಸಿನಲ್ಲಿ 2017ರಲ್ಲಿ ಶುರುವಾದ ಕ್ಲೈಡ್‌ಸೈಡ್ ಡಿಸ್ಟಿಲರಿ.

ಹೈಲ್ಯಾಂಡ್ಸ್ ನೋಡಿದ ಹಾಗೂ ಆಗಬೇಕು, ರಾತ್ರಿಗೆ ಎಡಿನ್‌ಬರೋಗೆ ವಾಪಸ್ ಬರಬೇಕು. ಆಗುತ್ತಾ?

ಹೈಲ್ಯಾಂಡ್ಸ್ ಅಂದರೆ ಉತ್ತರದ ಬೆಟ್ಟನಾಡು. ಪಿಟ್ಲಾಕ್ರಿ ದಾರಿ ಇದಕ್ಕೆಂದೇ ಇದ್ದಂತಿದೆ. ಮೊದಲು ಟೇ ನದಿಯ ದಂಡೆಯ ಡಂಕೆಲ್ಡ್ ಕೆಥೆಡ್ರಲ್. ಅಲ್ಲಿಂದ ಮುಂದೆ ಕಿಲಿಕ್ರ್ಯಾಂಕಿ ಕಣಿವೆ: 1689ರ ಜುಲೈ 27ರಂದು ಜಾಕೊಬೈಟರು, ಅಂದರೆ ಪಟ್ಟ ಕಳೆದುಕೊಂಡ ಸ್ಟೂವರ್ಟ್ ರಾಜರ ಪರ ದಂಗೆಯೆದ್ದವರು, ಇಲ್ಲಿ ಗೆದ್ದರು, ಆದರೆ ಅವರ ನಾಯಕ ಡಂಡೀ ಸತ್ತ. ಮುಂದಿನ ತಿಂಗಳು ಡಂಕೆಲ್ಡ್‌ನಲ್ಲಿ ಅದೇ ಸೇನೆ ಹಿಮ್ಮೆಟ್ಟಿತು. ಈ ಎರಡು ಜಾಗವನ್ನು ಒಂದೇ ದಿನ ನೋಡಿದರೆ ಒಂದು ದಂಗೆ ಏರಿ ಇಳಿದದ್ದು ಕಣ್ಣಮುಂದೆ ಬರುತ್ತದೆ. ವಿಸ್ಕಿಗೆ 1798ರಷ್ಟು ಹಿಂದಿನ ಬ್ಲೇರ್ ಆಥಲ್ ಅಥವಾ ಊರಾಚೆಯ ಪುಟ್ಟ ಎಡ್ರಡೌರ್ ಡಿಸ್ಟಿಲರಿ. ಎಡ್ರಡೌರ್‌ಗೆ ದೊಡ್ಡ ಬಸ್ ಹೋಗುವುದು ಕಷ್ಟ, ತೆರೆದಿರುವ ದಿನಗಳೂ ಕಡಿಮೆ. ಪ್ರವಾಸಪಟ್ಟಿಯಲ್ಲಿ ಅದರ ಹೆಸರಿದ್ದರೆ ನಿಮ್ಮ ದಿನಕ್ಕೆ ಅದು ನಿಜವಾಗಿ ಕಾಯ್ದಿರಿಸಿದೆಯೇ ಎಂದು ಕೇಳಿ.

ವಿಸ್ಕಿ ಹುಟ್ಟಿದ ಜಾಗ ಅಂತ ಒಂದು ಮಠ ತೋರಿಸ್ತಾರಂತೆ, ನಿಜವಾ?

ಫೈಫ್ ಪ್ರಾಂತದ ನ್ಯೂಬರ್ಗ್ ಊರಿನ ಲಿಂಡೋರ್ಸ್ ಮಠ ಅದು. 1494ರ ರಾಜಖಜಾನೆಯ ಲೆಕ್ಕಪತ್ರದಲ್ಲಿ, ರಾಜನ ಅಪ್ಪಣೆಯಂತೆ ‘ಅಕ್ವಾ ವೀಟೆ’ ತಯಾರಿಸಲು ಜಾನ್ ಕಾರ್ ಎಂಬ ಸನ್ಯಾಸಿಗೆ ಎಂಟು ಬೋಲ್ (ಧಾನ್ಯದ ಹಳೆಯ ಅಳತೆ) ಮಾಲ್ಟ್, ಅಂದರೆ ಮೊಳಕೆ ಬರಿಸಿ ಒಣಗಿಸಿದ ಧಾನ್ಯ, ಕೊಟ್ಟ ಬಾಬತ್ತಿದೆ. ಈ ಸನ್ಯಾಸಿಯನ್ನು ಲಿಂಡೋರ್ಸ್‌ನವನೆಂದು ಹೇಳುತ್ತಾ ಬಂದಿದ್ದಾರೆ. ಸ್ಕಾಟ್ಲೆಂಡಿನಲ್ಲಿ ಮಾಲ್ಟ್‌ನಿಂದ ಭಟ್ಟಿ ಇಳಿಸಿದ್ದಕ್ಕೆ ಇದು ಹಳೆಯ ಲಿಖಿತ ದಾಖಲೆ. ಅದೇ ಮೊದಲ ಭಟ್ಟಿ ಎಂದಲ್ಲ. ಅಷ್ಟು ಮಾಲ್ಟ್ ತರಿಸಿಕೊಂಡವರಿಗೆ ಕೆಲಸ ಮೊದಲೇ ಗೊತ್ತಿದ್ದಿರಬೇಕು. ಅದನ್ನು ಪೀಪಾಯಿಯಲ್ಲಿ ವರ್ಷಗಟ್ಟಲೆ ಮಾಗಿಸುತ್ತಲೂ ಇರಲಿಲ್ಲ, ಔಷಧಿಯ ಹಾಗೆ ಬಳಸುತ್ತಿದ್ದರು. ಮಠ ಈಗ ಪಾಳು. ಎದುರಿಗೇ 2017ರಲ್ಲಿ ಹೊಸ ಡಿಸ್ಟಿಲರಿ ಶುರುವಾಗಿದೆ. ಸೇಂಟ್ ಆಂಡ್ರೂಸ್‌ನ ಪಾಳು ಕೆಥೆಡ್ರಲ್ ಜೊತೆ ಸೇರಿಸಿದರೆ ಒಳ್ಳೆಯ ದಿನ.

ಕಲೋಡನ್ ಮತ್ತು ಸ್ಪೇಸೈಡ್ ಎರಡೂ ಒಂದೇ ದಿನ?

ಇನ್ವರ್ನೆಸ್‌ನಿಂದ ಹೊರಟರೆ ಆಗುತ್ತದೆ. ಬೆಳಿಗ್ಗೆ ಕಲೋಡನ್‌ಗೆ ಎರಡು ಗಂಟೆ ಕೊಡಿ. 1746ರ ಏಪ್ರಿಲ್ 16ರಂದು ಒಂದು ಗಂಟೆಯೊಳಗೆ ಜಾಕೊಬೈಟ್ ದಂಗೆ ಇಲ್ಲಿ ಮುಗಿದುಹೋಯಿತು. ಮೈದಾನದಲ್ಲಿ ಕುಲಗಳ ಹೆಸರು ಕೆತ್ತಿದ ಕಲ್ಲುಗಳಿವೆ, ಅವು ಸಮಾಧಿಗಳು. ಹತ್ತಿ ನಿಲ್ಲುವುದು, ಪಕ್ಕದಲ್ಲಿ ಬುತ್ತಿ ಬಿಚ್ಚುವುದು ಬೇಡ. ಪಕ್ಕದಲ್ಲೇ ಇರುವ ಕ್ಲಾವಾ ಕಲ್ಗೋರಿಗಳು ಸುಮಾರು 4,000 ವರ್ಷ ಹಳೆಯವು, ಅರ್ಧ ಗಂಟೆ ಸಾಕು.

ಆಮೇಲೆ ಎಲ್ಗಿನ್ ಕೆಥೆಡ್ರಲ್. ಬೇಡನಾಕ್‌ನ ತೋಳ ಎಂದು ಹೆಸರಾದ ಅಲೆಕ್ಸಾಂಡರ್ ಸ್ಟೂವರ್ಟ್ 1390ರಲ್ಲಿ ಇದನ್ನು ಸುಟ್ಟ. ಅಲ್ಲಿಂದ ಸ್ಪೇ ಕಣಿವೆಯ ಒಂದು ಡಿಸ್ಟಿಲರಿ. ಡಫ್‌ಟೌನ್‌ನ ಗ್ಲೆನ್‌ಫಿಡಿಕ್ ಆರಿಸಿದರೆ ಪಕ್ಕದಲ್ಲೇ ಬಾಲ್ವೆನಿ ಕೋಟೆಯ ಪಾಳು. ಕೀತ್ ಊರಿನ ಸ್ಟ್ರಾತೈಲಾ 1786ರದು, ನೋಡಲು ಚೆಂದ. ಎರಡನೇ ಡಿಸ್ಟಿಲರಿಗಿಂತ ಕ್ರೇಗೆಲಾಕಿಯ ಪೀಪಾಯಿ ಕಾರ್ಖಾನೆ ಸ್ಪೇಸೈಡ್ ಕೂಪರೇಜ್ ಸೇರಿಸುವುದು ಮೇಲು. ಪೀಪಾಯಿಗೆ ಅಂಟು, ಮೊಳೆ ಯಾವುದೂ ಇಲ್ಲದೆ ಹಲಗೆ ಸೇರಿಸಿ ಬಳೆ ಬಡಿಯುವ ಕೆಲಸಗಾರರ ವೇಗ ಅಲ್ಲಿ ಗ್ಯಾಲರಿಯಿಂದ ಕಾಣುತ್ತದೆ. ಶನಿವಾರ, ಭಾನುವಾರ ಅಲ್ಲಿ ಕೆಲಸ ಇರುವುದಿಲ್ಲ ಎಂಬುದು ನೆನಪಿರಲಿ.

ಐಲಾ ದ್ವೀಪಕ್ಕೆ ದಿನದಲ್ಲಿ ಹೋಗಿ ಬರಬಹುದಾ?

ಬೇಡ. ಗ್ಲಾಸ್ಗೋದಿಂದ ಕೆನಕ್ರೇಗ್ ಬಂದರಿಗೇ ಎರಡೂವರೆ ಗಂಟೆಗೂ ಮೇಲೆ, ದೋಣಿಯಲ್ಲಿ ಮತ್ತೆ ಎರಡು ಗಂಟೆಗೂ ಹೆಚ್ಚು. ವಿಮಾನದಲ್ಲಿ ಮುಕ್ಕಾಲು ಗಂಟೆ, ಆದರೆ ಗಾಳಿ–ಮಂಜಿಗೆ ರದ್ದಾಗುವುದುಂಟು. ಎಂಟನೇ ಶತಮಾನದ ಕಿಲ್ಡಾಲ್ಟನ್ ಶಿಲುಬೆ ಮತ್ತು ದ್ವೀಪಪ್ರಭುಗಳ ಪೀಠವಾಗಿದ್ದ ಫಿನ್‌ಲಗನ್ ನೋಡಬೇಕಾದರೆ ಕನಿಷ್ಠ ಎರಡು ರಾತ್ರಿ ಇಟ್ಟುಕೊಳ್ಳಿ.

## ಡಿಸ್ಟಿಲರಿಯೊಳಗೆ

ಎಲ್ಲಾ ಡಿಸ್ಟಿಲರಿನೂ ಒಂದೇ ತರ ಅಲ್ವಾ? ಒಂದು ನೋಡಿದ್ರೆ ಸಾಕಾ?

ಹಂತಗಳು ಒಂದೇ. ಬಾರ್ಲಿಯನ್ನು ಮೊಳಕೆ ಬರಿಸಿ ಒಣಗಿಸುತ್ತಾರೆ, ತರಿಯಾಗಿ ಬೀಸುತ್ತಾರೆ, ಬಿಸಿನೀರಿನಲ್ಲಿ ಕಲಸಿ ಸಿಹಿನೀರು ಬಸಿಯುತ್ತಾರೆ. ಯೀಸ್ಟ್ ಹಾಕಿ ಎರಡರಿಂದ ನಾಲ್ಕು ದಿನ ಹುಳಿಸಿದರೆ ಶೇ 8ರ ಸುಮಾರು ಆಲ್ಕೋಹಾಲ್ ಇರುವ, ಬಿಯರ್‌ನಂಥ ದ್ರವ ಸಿಗುತ್ತದೆ. ಅದನ್ನು ತಾಮ್ರದ ಭಟ್ಟಿಯಲ್ಲಿ ಎರಡು ಸಲ ಇಳಿಸುತ್ತಾರೆ. ಮೊದಲು ಬರುವುದನ್ನೂ ಕೊನೆಗೆ ಬರುವುದನ್ನೂ ಬೇರೆ ಮಾಡಿ ನಡುವಿನದ್ದನ್ನು ಮಾತ್ರ ಪೀಪಾಯಿಗೆ ತುಂಬುತ್ತಾರೆ. 700 ಲೀಟರ್ ಮೀರದ ಓಕ್ ಪೀಪಾಯಿಯಲ್ಲಿ, ಸ್ಕಾಟ್ಲೆಂಡಿನ ನೆಲದಲ್ಲಿ ಮೂರು ವರ್ಷ ಕಳೆದ ಮೇಲೆ ಮಾತ್ರ ಅದಕ್ಕೆ ಸ್ಕಾಚ್ ವಿಸ್ಕಿ ಎಂಬ ಹೆಸರು.

ವ್ಯತ್ಯಾಸ ಇರುವುದು ವಿವರಗಳಲ್ಲಿ. ಗೈಡನ್ನು ಮೂರು ಪ್ರಶ್ನೆ ಕೇಳಿ: ಎಷ್ಟು ಗಂಟೆ ಹುಳಿಸುತ್ತೀರಿ? ಭಟ್ಟಿಯ ಕತ್ತು ಎಷ್ಟು ಎತ್ತರ, ಕೊಳವೆ ಮೇಲಕ್ಕೆ ವಾಲಿದೆಯೋ ಕೆಳಕ್ಕೋ? ಪೀಪಾಯಿಯಲ್ಲಿ ಮೊದಲು ಏನಿತ್ತು? ಹೆಚ್ಚು ಹೊತ್ತು ಹುಳಿಸಿದರೆ ಹಣ್ಣಿನ ಘಮ ಕೂಡುತ್ತದೆ. ಎತ್ತರದ ಕತ್ತಿನಲ್ಲಿ ಭಾರವಾದ ಆವಿ ತಿರುಗಿ ಕೆಳಗಿಳಿಯುವುದರಿಂದ ವಿಸ್ಕಿ ಹಗುರಾಗುತ್ತದೆ. ಅಮೆರಿಕದ ಬರ್ಬನ್ ವಿಸ್ಕಿ ಇದ್ದ ಪೀಪಾಯಿ ವೆನಿಲಾ, ತೆಂಗಿನ ಘಮ ಕೊಟ್ಟರೆ ಸ್ಪೇನಿನ ಶೆರಿ ವೈನ್ ಇದ್ದದ್ದು ಒಣದ್ರಾಕ್ಷಿಯದು. ಈ ಮೂರು ಉತ್ತರ ಬರೆದಿಟ್ಟುಕೊಂಡರೆ ಎರಡನೇ ಡಿಸ್ಟಿಲರಿ ಬೇಸರ ತರುವುದಿಲ್ಲ.

ಫೋಟೋ ತೆಗೀಬೇಡಿ, ಫೋನ್ ಆರಿಸಿ ಅಂತಾರೆ. ಯಾಕಿಷ್ಟು ಬಿಗಿ?

ಬೆಂಕಿಯ ಭಯ. ಭಟ್ಟಿಮನೆಯಲ್ಲೂ ಗೋದಾಮಿನಲ್ಲೂ ಆಲ್ಕೋಹಾಲ್ ಆವಿ ಇರುತ್ತದೆ, ಬೀಸುವ ಕೋಣೆಯಲ್ಲಿ ಹಿಟ್ಟಿನ ಧೂಳು. ಎರಡಕ್ಕೂ ಒಂದು ಕಿಡಿ ಸಾಕು. ಎಲ್ಲೆಡೆ ನಿಯಮ ಒಂದೇ ಅಲ್ಲ, ಗೈಡ್ ಹೇಳಿದಷ್ಟು ಕೇಳಿ.

ರುಚಿ ನೋಡುವ ಸರಿಯಾದ ಕ್ರಮ ಯಾವುದು?

ಕೊಡುವ ಲೋಟ ಬುಡದಲ್ಲಿ ದುಂಡಗೆ, ಬಾಯಲ್ಲಿ ಕಿರಿದು. ಘಮ ಮೇಲೆ ಕೂಡಿಕೊಳ್ಳಲೆಂದೇ ಆ ಆಕಾರ. ಮೂಗನ್ನು ಒಳಗೆ ತೂರಿಸಬೇಡಿ. ಅಂಚಿನಿಂದ ಎರಡು ಬೆರಳು ದೂರ ಹಿಡಿದು, ಬಾಯಿ ತುಸು ತೆರೆದು ಉಸಿರೆಳೆಯಿರಿ. ಬಾಯಿ ಮುಚ್ಚಿದರೆ ಆಲ್ಕೋಹಾಲ್ ನೇರ ಮೂಗಿಗೆ ಹೊಡೆದು ಮುಂದಿನ ಐದು ನಿಮಿಷ ಯಾವ ಘಮವೂ ತಿಳಿಯುವುದಿಲ್ಲ. ಮೊದಲ ಗುಟುಕು ಅರ್ಧ ಚಮಚದಷ್ಟು, ನಾಲಿಗೆಯನ್ನು ಒಗ್ಗಿಸಲು ಮಾತ್ರ. ಅದನ್ನು ಹಿಡಿದು ವಿಸ್ಕಿಯ ಬಗ್ಗೆ ತೀರ್ಪು ಕೊಡಬೇಡಿ. ಎರಡನೆಯದನ್ನು ಹತ್ತು ಸೆಕೆಂಡ್ ಬಾಯಲ್ಲಿ ಆಡಿಸಿ ನುಂಗಿ, ಮೂಗಿನಿಂದ ಉಸಿರು ಬಿಡಿ. ಆಗ ಬರುವ ಘಮವೇ ಹೆಚ್ಚು ಸತ್ಯ.

ಮೂರು–ನಾಲ್ಕು ಲೋಟ ಸಾಲಾಗಿದ್ದರೆ ಹಗುರದ್ದು ಮೊದಲು, ಶೇಕಡಾವಾರು ಹೆಚ್ಚಿರುವುದು ಆಮೇಲೆ, ಪೀಟ್ ಹೊಗೆಯದು (ಬಾರ್ಲಿ ಒಣಗಿಸಲು ಉರಿಸುವ ಜೌಗುನೆಲದ ಮಣ್ಣಿನ ಹೊಗೆ ಹಿಡಿದದ್ದು) ಕಟ್ಟಕಡೆಗೆ. ಹೊಗೆ ಮೊದಲಾದರೆ ಉಳಿದವೆಲ್ಲ ಸಪ್ಪೆ. ಆ ದಿನ ಅತ್ತರು ಹಾಕಬೇಡಿ, ಮಿಂಟ್ ಜಗಿಯಬೇಡಿ, ಖಾಲಿ ಹೊಟ್ಟೆಯಲ್ಲಿ ಕೂರಬೇಡಿ.

ವಿಸ್ಕಿಗೆ ನೀರು ಹಾಕಿದ್ರೆ ಅವರಿಗೆ ಅವಮಾನ ಆಗುತ್ತಂತೆ?

ಇಲ್ಲವೇ ಇಲ್ಲ, ಮೇಜಿನ ಮೇಲೆ ನೀರಿನ ಹೂಜಿ ಇಡುವುದೇ ಅದಕ್ಕೆ. ಪೀಪಾಯಿಯಿಂದ ನೇರ ತೆಗೆದದ್ದು ಶೇ 60ರ ಆಸುಪಾಸಿನಲ್ಲಿರುತ್ತದೆ. ಅಂಥ 25 ಮಿ.ಲೀ.ಗೆ ಒಂದು ಟೀ ಚಮಚ, ಅಂದರೆ 5 ಮಿ.ಲೀ. ನೀರು ಹಾಕಿದರೆ ಶೇ 50ಕ್ಕೆ ಇಳಿಯುತ್ತದೆ; ಎರಡೂವರೆ ಚಮಚಕ್ಕೆ ಶೇ 40. ಮೊದಲು ನೀರಿಲ್ಲದೆ ನೋಡಿ, ಆಮೇಲೆ ಅರ್ಧರ್ಧ ಚಮಚ ಹಾಕುತ್ತಾ ಬನ್ನಿ. ಹಾಕಿದ್ದನ್ನು ತೆಗೆಯಲಾಗದು. ಐಸ್ ಮಾತ್ರ ಬೇಡ, ತಣ್ಣಗಾದರೆ ಘಮ ಮುಚ್ಚಿಕೊಳ್ಳುತ್ತದೆ.

ನೀರು ಹಾಕಿದಾಗ ವಿಸ್ಕಿ ಮಸುಕಾದರೆ ಕೆಟ್ಟಿದೆ ಎಂದುಕೊಳ್ಳಬೇಡಿ. ತಣ್ಣಗೆ ಮಾಡಿ ಸೋಸದೆ ಉಳಿಸಿದ ಎಣ್ಣೆಯಂಶಗಳು ಹಾಗೆ ಕಾಣಿಸಿಕೊಳ್ಳುತ್ತವೆ. ಶೇ 46ರಲ್ಲಿ ಬಾಟಲಿ ತುಂಬುವ ಹಲವರು ಬೇಕೆಂದೇ ಸೋಸದೆ ಬಿಡುತ್ತಾರೆ.

ಒಟ್ಟು ಎಷ್ಟು ಕುಡಿದ ಹಾಗಾಗುತ್ತೆ?

ಬ್ರಿಟನ್ನಿನ ಲೆಕ್ಕದಲ್ಲಿ 10 ಮಿ.ಲೀ. ಶುದ್ಧ ಆಲ್ಕೋಹಾಲ್ ಒಂದು ಯೂನಿಟ್. ಶೇ 40ರ ವಿಸ್ಕಿ 25 ಮಿ.ಲೀ. ಅಂದರೆ ಸರಿಯಾಗಿ ಒಂದು. ಶೇ 46ರದು 15 ಮಿ.ಲೀ.ಯಂತೆ ನಾಲ್ಕು ಲೋಟ ಸೇರಿದರೆ ಸುಮಾರು 2.8 ಯೂನಿಟ್. ದೇಹ ಗಂಟೆಗೆ ಹೆಚ್ಚುಕಡಿಮೆ ಒಂದು ಯೂನಿಟ್ ಕರಗಿಸುತ್ತದೆ. ಅಲ್ಲಿನ ಆರೋಗ್ಯ ಸಲಹೆ ವಾರಕ್ಕೆ 14 ಮೀರಬಾರದು ಎನ್ನುತ್ತದೆ. ಎರಡು ಡಿಸ್ಟಿಲರಿಯ ಪ್ರವಾಸದಲ್ಲಿ ಎರಡನೆಯದರ ರುಚಿ ಯಾರಿಗೂ ನೆನಪಿರದಿರುವುದಕ್ಕೆ ಈ ಲೆಕ್ಕವೇ ಕಾರಣ.

## ಇನ್ನೂ ಆಳಕ್ಕೆ

ಕಳ್ಳಭಟ್ಟಿಯ ಕಥೆಗಳನ್ನ ಬಸ್ಸಲ್ಲಿ ಹೇಳ್ತಾನೇ ಇರ್ತಾರೆ. ನಿಜಕ್ಕೂ ಏನಾಯ್ತು?

ಕೋಟೆ ಮತ್ತು ವಿಸ್ಕಿ ಒಂದೇ ಕಥೆಯಾಗುವುದು ಇಲ್ಲೇ, ಹಾಗಾಗಿ ಗಮನಕೊಟ್ಟು ಕೇಳಿ. 1707ರಲ್ಲಿ ಸ್ಕಾಟ್ಲೆಂಡ್ ಇಂಗ್ಲೆಂಡಿನೊಡನೆ ಒಂದಾದ ಮೇಲೆ ಲಂಡನ್ ಹಾಕಿದ ತೆರಿಗೆಗಳು ಬಂದವು. 1725ರಲ್ಲಿ ಮಾಲ್ಟ್ ಮೇಲಿನ ತೆರಿಗೆಗೆ ಗ್ಲಾಸ್ಗೋದಲ್ಲಿ ದೊಂಬಿಯೇ ಆಯಿತು. 1784ರ ಕಾಯ್ದೆ ಬೆಟ್ಟನಾಡಾದ ಹೈಲ್ಯಾಂಡ್ ಮತ್ತು ತಗ್ಗುನಾಡಾದ ಲೋಲ್ಯಾಂಡ್ ನಡುವೆ ಗೆರೆ ಎಳೆದು ಎರಡು ಕಡೆಗೂ ಬೇರೆ ಬೇರೆ ಅಬ್ಕಾರಿ ನಿಯಮ ಮಾಡಿತು. ಸಣ್ಣ ಭಟ್ಟಿಯವರಿಗೆ ಕಾನೂನಿನಂತೆ ನಡೆದರೆ ಹೊಟ್ಟೆ ತುಂಬದ ಸ್ಥಿತಿ. ಕಣಿವೆ ಕಣಿವೆಯಲ್ಲಿ ಕಳ್ಳಭಟ್ಟಿ ಹೊಗೆಯಾಡಿತು.

1823ರ ಅಬ್ಕಾರಿ ಕಾಯ್ದೆ ಹತ್ತು ಪೌಂಡ್ ಪರವಾನಗಿ ಶುಲ್ಕ ಮತ್ತು ತಾಳಬಹುದಾದ ಸುಂಕ ತಂದಿತು. ಮರುವರ್ಷ ಗ್ಲೆನ್‌ಲಿವೆಟ್‌ನ ಜಾರ್ಜ್ ಸ್ಮಿತ್ ಪರವಾನಗಿ ಪಡೆದ. ನೆರೆಯ ಕಳ್ಳಭಟ್ಟಿಯವರು ಅವನ ಡಿಸ್ಟಿಲರಿ ಸುಡುತ್ತೇವೆಂದು ಬೆದರಿಸಿದ್ದರಿಂದ ಅವನು ಸೊಂಟದಲ್ಲಿ ಎರಡು ಪಿಸ್ತೂಲು ಇಟ್ಟುಕೊಂಡೇ ತಿರುಗುತ್ತಿದ್ದ. ಡಿಸ್ಟಿಲರಿಯಲ್ಲಿ ಬೀಗ ಹಾಕಿದ ಹಿತ್ತಾಳೆ–ಗಾಜಿನ ಪೆಟ್ಟಿಗೆ ತೋರಿಸುತ್ತಾರಲ್ಲ, ಅದೂ ಆ ಕಾಲದ ಕೂಸು: ಹರಿಯುವ ಸಾರವನ್ನು ಅಳೆಯಬಹುದು, ಕದಿಯುವಂತಿಲ್ಲ. ಗ್ಲೆನ್‌ಗಾಯ್ನ್‌ಗೆ ಹೋದವರು ರಸ್ತೆ ದಾಟುವಾಗ ಒಂದು ಕ್ಷಣ ನಿಲ್ಲಿ. ಭಟ್ಟಿಯಿರುವ ಬದಿ ಹೈಲ್ಯಾಂಡ್, ಎದುರಿನ ಗೋದಾಮು ಲೋಲ್ಯಾಂಡ್.

ಗೈಡ್ ಹೇಳಿದ್ದನ್ನೆಲ್ಲ ನಂಬಬಹುದಾ?

ವರ್ಷ, ಅಳತೆ, ವಿಧಾನ ಹೇಳಿದರೆ ನಂಬಿ. ‘ಅತಿ ಹಳೆಯ’, ‘ಅತಿ ಚಿಕ್ಕ’ ಎಂದರೆ ಯಾವ ಲೆಕ್ಕದಲ್ಲಿ ಎಂದು ಕೇಳಿ. ಕ್ರೀಫ್ ಬಳಿಯ ಗ್ಲೆನ್‌ಟರೆಟ್ ಡಿಸ್ಟಿಲರಿ ತಾನು 1763ರದು ಎನ್ನುತ್ತದೆ, ಆದರೆ ಪರವಾನಗಿಯ ವರ್ಷ, ಕಟ್ಟಡದ ವರ್ಷ, ಎಡೆಬಿಡದೆ ನಡೆದ ವರ್ಷ ಎಂದು ಅಳತೆಗೋಲು ಬದಲಿಸಿದರೆ ಬೇರೆಯವರೂ ಹಕ್ಕು ಕೇಳಬಹುದು. ‘ನಮ್ಮ ಊಟೆಯ ನೀರಿನಿಂದಲೇ ಈ ರುಚಿ’ ಎಂಬುದನ್ನು ಅರ್ಧ ಮಾತ್ರ ತೆಗೆದುಕೊಳ್ಳಿ; ಹುಳಿಸುವ ಅವಧಿ, ಭಟ್ಟಿ, ಪೀಪಾಯಿ ಇವುಗಳ ಪಾಲು ಬಹಳ ದೊಡ್ಡದು. ವಯಸ್ಸು ಹೆಚ್ಚಿದಷ್ಟೂ ಉತ್ತಮ ಎಂಬುದೂ ಹಾಗೆಯೇ: ದಣಿದ ಪೀಪಾಯಿಯಲ್ಲಿ 25 ವರ್ಷ ಮಲಗಿದ್ದಕ್ಕಿಂತ ಒಳ್ಳೆಯ ಪೀಪಾಯಿಯ 10 ವರ್ಷದ್ದು ಮೇಲಿರಬಹುದು.

ಬಾಟಲಿ ಡಿಸ್ಟಿಲರಿಯಲ್ಲೇ ಕೊಳ್ಳೋದಾ, ಊರಲ್ಲಾ?

ಎಲ್ಲೆಡೆ ಸಿಗುವ 12 ವರ್ಷದ ಬಾಟಲಿಯನ್ನು ಅಲ್ಲಿ ಕೊಳ್ಳಬೇಡಿ, ಅಂಗಡಿಗಳಲ್ಲಿ ಅಗ್ಗಕ್ಕೆ ಸಿಗಬಹುದು. ಪೀಪಾಯಿಯಿಂದ ನೀವೇ ತುಂಬಿಕೊಳ್ಳುವ, ಡಿಸ್ಟಿಲರಿಯಲ್ಲಿ ಮಾತ್ರ ಮಾರುವ ಬಾಟಲಿ ಇದ್ದರೆ ಅದಕ್ಕೆ ದುಡ್ಡು ಹಾಕಿ. ಸ್ಕಾಟ್ಲೆಂಡಿನಲ್ಲಿ ಅಂಗಡಿಯಿಂದ ಮದ್ಯ ಕೊಂಡೊಯ್ಯಲು ಬೆಳಿಗ್ಗೆ 10ರಿಂದ ರಾತ್ರಿ 10ರವರೆಗೆ ಮಾತ್ರ ಅವಕಾಶ. ಪ್ರವಾಸಿಗರಿಗೆ ವ್ಯಾಟ್ ವಾಪಸು ಕೊಡುವ ಪದ್ಧತಿ 2021ರಿಂದ ಇಲ್ಲ. ವಿಮಾನದಲ್ಲಿ ಶೇ 70ಕ್ಕಿಂತ ಗಟ್ಟಿಯಾದದ್ದು ನಿಷಿದ್ಧ. ಶೇ 24ರಿಂದ 70ರವರೆಗಿನದು ಮುಚ್ಚಳ ಒಡೆಯದ ಬಾಟಲಿಯಲ್ಲಿ ತಲೆಗೆ 5 ಲೀಟರ್ ತನಕ ಲಗೇಜಿನಲ್ಲಿ ಹೋಗುತ್ತದೆ. ಇಳಿಯುವ ದೇಶದ ಸುಂಕದ ಮಿತಿ ಇದಕ್ಕಿಂತ ಕಡಿಮೆ ಇರುವುದೇ ಹೆಚ್ಚು.

ಪೀಪಾಯಿ ಕೊಳ್ಳಿ, ಹತ್ತು ವರ್ಷದಲ್ಲಿ ದುಪ್ಪಟ್ಟು ಅಂತ ಯಾರೋ ಹೇಳಿದ್ರು. ಕೊಳ್ಳಲಾ?

ಪ್ರವಾಸದ ಉತ್ಸಾಹದಲ್ಲಿ ಸಹಿ ಹಾಕಬೇಡಿ. ವಿಸ್ಕಿ ಮಾಗಬೇಕಾದದ್ದು ಸುಂಕ ಇಲಾಖೆಯ ನಿಗಾದಲ್ಲಿರುವ ಗೋದಾಮಿನಲ್ಲಿ. ನೀವು ಮನೆಗೆ ಒಯ್ಯುವಂತಿಲ್ಲ. ಚಂದದ ಅಕ್ಷರದ ಮಾಲೀಕತ್ವ ಪತ್ರಕ್ಕೆ ಬೆಲೆಯಿಲ್ಲ. ಮಾರುವವರು ಗೋದಾಮಿನವರಿಗೆ ಕೊಡುವ ಡೆಲಿವರಿ ಆರ್ಡರ್ ಬೇಕು, ಗೋದಾಮಿನ ಪುಸ್ತಕದಲ್ಲಿ ಪೀಪಾಯಿಯ ಸಂಖ್ಯೆಯ ಎದುರು ನಿಮ್ಮ ಹೆಸರು ಏರಿದೆಯೆಂದು ಗೋದಾಮಿನವರೇ ತಿಳಿಸಬೇಕು. ಅಷ್ಟಾದರೂ ಬಾಡಿಗೆ, ವಿಮೆ, ಬಾಟಲಿ ತುಂಬುವ ದಿನದ ಸುಂಕ ನಿಮ್ಮದೇ. ವರ್ಷಕ್ಕೆ ಸುಮಾರು ಶೇ 2 ಆವಿಯಾಗುತ್ತದೆ. ಹಳೆಯ ಪೀಪಾಯಿಯಾದರೆ ಕೊಳ್ಳುವ ಮುನ್ನ ಹೊಸದಾಗಿ ಅಳೆಸಿ, ಎಷ್ಟು ಲೀಟರ್ ಉಳಿದಿದೆ, ಶೇಕಡಾ ಎಷ್ಟಿದೆ ಎಂಬುದನ್ನು ಬರಹದಲ್ಲಿ ಪಡೆಯಿರಿ. ಶೇ 40ಕ್ಕಿಂತ ಕೆಳಗಿಳಿದರೆ ಅದನ್ನು ಸ್ಕಾಚ್ ಎಂದು ಮಾರುವಂತೆಯೇ ಇಲ್ಲ.